ಕಿಟಕಿ ಕೆಳಗಿನ ಟೈಲು

ಹಸಿರು ಬಣ್ಣದ ಡಬ್ಬಿಯ ತಳದಲ್ಲಿ ಇನ್ನು ಒಂದೇ ಒಂದು ಚುಕ್ಕೆಗಾಗುವಷ್ಟು ಬಣ್ಣ ಉಳಿದಿತ್ತು. ಟೈಲ್ಸ್ ಮೇಸ್ತ್ರಿ ಬೆಳಿಗ್ಗೆ ಎದ್ದವನೇ ಹಲ್ಲು ಕೂಡ ಉಜ್ಜದೆ ಆ ಡಬ್ಬಿಯನ್ನು ಬೆಳಕಿಗೆ ಹಿಡಿದು ನೋಡಿದ, ಕಡ್ಡಿ ಹಾಕಿ ಕಲಕಿದ, ಮುಚ್ಚಳ ಭದ್ರ ಮಾಡಿ ಮತ್ತೆ ತೆಗೆದು ನೋಡಿದ. ಇಪ್ಪತ್ತು ವರ್ಷ ಕಾದ ಮೇಲೆ ಕೊನೇ ಗಳಿಗೆಯಲ್ಲಿ ಬಣ್ಣ ಒಣಗಿಹೋದರೆ ಏನು ಗತಿ ಎಂಬುದು ಅವನ ಚಿಂತೆ. ಕೆಲವರು ಚಿಂತೆ ಮಾಡಬೇಕಾದ ಒಂದನ್ನು ಬಿಟ್ಟು ಬೇರೆಲ್ಲದಕ್ಕೂ ಚಿಂತೆ ಮಾಡುತ್ತಾರೆ. ನಮ್ಮ ಮೇಸ್ತ್ರಿ ಆ ಪೈಕಿ.

ಈ ಬಣ್ಣದ ಕತೆ ಹೇಳದೆ ಮುಂದೆ ಹೋಗುವಂತಿಲ್ಲ. ಇಪ್ಪತ್ತು ವರ್ಷದ ಹಿಂದೆ ಬ್ಯಾಂಕಿನಲ್ಲಿ ಎಂಟು ಲಕ್ಷ ಸಾಲ ಮಾಡಿ ಮೇಸ್ತ್ರಿ ಈ ಮನೆ ಕೊಂಡಾಗ ನೆಲಕ್ಕೆ ಬರೀ ಸಿಮೆಂಟಿತ್ತು. ಊರವರ ಮನೆಗೆಲ್ಲ ಟೈಲ್ಸ್ ಹಾಕುವವನು ತನ್ನ ಮನೆಗೆ ದುಡ್ಡು ಕೊಟ್ಟು ತರುವುದುಂಟೇ? ಕೆಲಸ ಮುಗಿದ ಮನೆಗಳಲ್ಲಿ ಮಿಕ್ಕ ಒಂದನ್ನೋ ಎರಡನ್ನೋ ಕೇಳಿಕೊಂಡು ತಂದು ತಂದು ಹಾಕಿದ. ಡಾಕ್ಟರ ಆಸ್ಪತ್ರೆಯ ಬಿಳಿ, ವಕೀಲರ ಹಜಾರದ ಕಂದು, ಯಾರದೋ ಬಚ್ಚಲಿನ ನೀಲಿ ಮೀನು. ಹಾಕಿ ಮುಗಿಸಿ ಎಣಿಸಿದರೆ, ಬಚ್ಚಲು ಬಿಟ್ಟು ಸರಿಯಾಗಿ ಇನ್ನೂರ ನಲವತ್ತು ಟೈಲು. ಸಾಲದ ಕಂತೂ ಇನ್ನೂರ ನಲವತ್ತು. ಮೇಸ್ತ್ರಿಗೆ ಮೈ ಜುಮ್ಮೆಂದಿತು. ಅಂದಿನಿಂದ ತಿಂಗಳಿಗೆ ಏಳು ಸಾವಿರದ ಕಂತು ಕಟ್ಟಿ ಬಂದ ಕೂಡಲೇ ಒಂದು ಟೈಲಿನ ಮೂಲೆಗೆ ಒಂದು ಹಸಿರು ಚುಕ್ಕೆ. ಚುಕ್ಕೆ ಬಿದ್ದದ್ದು ನಮ್ಮದು, ಬೀಳದ್ದು ಬ್ಯಾಂಕಿನದು.

ಇದನ್ನು ಮೇಸ್ತ್ರಿಗಿಂತ ಗಟ್ಟಿಯಾಗಿ ಹಿಡಿದುಕೊಂಡವರು ಅವನ ತಾಯಿ. ಚುಕ್ಕೆ ಇಲ್ಲದ ಟೈಲಿನ ಮೇಲೆ ಅವರು ನಡೆದಾರು, ಕೂರುವವರಲ್ಲ. ಚುಕ್ಕೆ ಅಡುಗೆಮನೆಯ ಹಿಂದಿನ ಮೂಲೆಯಿಂದ ಶುರುವಾಗಿದ್ದರಿಂದ ಮೊದಲ ಐದು ವರ್ಷ ಅವರ ಚಾಪೆಯೂ ಅಡುಗೆಮನೆಯಲ್ಲೇ ಉಳಿಯಿತು. ಆಮೇಲೆ ಕೋಣೆಗೆ ಬಂತು, ಆಮೇಲೆ ಒಂದೊಂದೇ ಟೈಲು ಹಜಾರದ ಕಡೆ ಸರಿಯಿತು. ಬಂದ ನೆಂಟರನ್ನು ಮಾತ್ರ ಅವರು ಬ್ಯಾಂಕಿನ ಭಾಗದಲ್ಲೇ ಕೂರಿಸುತ್ತಿದ್ದರು, ಸವೆದರೆ ಬ್ಯಾಂಕಿನದು ಸವೆಯಲಿ ಅಂತ.

ಕೊನೆಯ ಟೈಲು ಹಜಾರದ ಕಿಟಕಿ ಕೆಳಗಿನದು, ಜೇನಿನ ಬಣ್ಣದ್ದು. ಎದುರಿನ ಎರಡು ಎತ್ತರದ ಕಟ್ಟಡಗಳ ಸಂದಿಯಿಂದ ಬೆಳಗಿನ ಬಿಸಿಲು ತೂರಿ ಬಂದರೆ ಇಡೀ ಮನೆಯಲ್ಲಿ ಅದೊಂದೇ ಟೈಲಿನ ಮೇಲೆ ಬೀಳುತ್ತಿತ್ತು. ಮಂಡಿ ನೋವಿಗೆ ಎಳೆಬಿಸಿಲು ಕಾಯಿಸಿ ಎಂದು ಡಾಕ್ಟರು ತಾಯಿಗೆ ಹೇಳಿ ಎಂಟು ವರ್ಷವಾಗಿತ್ತು.

“ಅಮ್ಮ, ಕೂತ್ಕೋ ಅಲ್ಲಿ. ಬ್ಯಾಂಕಿನವರೇನು ಬಂದು ನೋಡ್ತಾರಾ?” ಎಂದು ಮೇಸ್ತ್ರಿ ಎಷ್ಟೋ ಸಲ ಹೇಳಿದ್ದ.

“ಕಂಡೋರ ಜಾಗದಲ್ಲಿ ಕೂತು ಕಾಯಿಸ್ಕೊಂಡ ಬಿಸಿಲು ಮೈಗೆ ಹತ್ತಲ್ಲ ಕಣೋ.”

“ಪಕ್ಕದ ಟೈಲಲ್ಲಿ ಕೂತು ಕಾಲಾದ್ರೂ ಚಾಚು.”

“ಕಾಲು ಯಾರದು? ನಂದಲ್ವಾ?”

ಅಂಥ ಹಟ. ಆ ಬಿಸಿಲಿನಲ್ಲಿ ತಾಯಿಯನ್ನು ಕೂರಿಸಬೇಕು ಅನ್ನುವುದೊಂದೇ ಮೇಸ್ತ್ರಿಗಿದ್ದ ಆಸೆ. ನಿನ್ನೆ ಇನ್ನೂರ ನಲವತ್ತನೆಯ ಕಂತೂ ಕಟ್ಟಿ ಬಂದು ಅವನು ಕಡ್ಡಿ ಅದ್ದುವಷ್ಟರಲ್ಲಿ ತಾಯಿ ಕೈ ಹಿಡಿದುಕೊಂಡಿದ್ದರು.

“ಕೊನೇದು ಹಾಗೆಲ್ಲ ಬೇಡ. ಸಾಲ ತೀರಿತು ಅಂತ ಬ್ಯಾಂಕಿನವರ ಕೈಲಿ ಬರೆಸ್ಕೊಂಡು ಬಾ. ಆಮೇಲೆ ಚುಕ್ಕೆ ಇಡು, ಆಮೇಲೆ ಕೂರ್ತೀನಿ.”

ಹೀಗಾಗಿ ಇವತ್ತು ಬ್ಯಾಂಕಿಗೆ ಸವಾರಿ. ಒಂಬತ್ತು ಗಂಟೆಗೇ ಪಕ್ಕದ ಮನೆಯ ನಿವೃತ್ತ ಸ್ಟೇಷನ್ ಮಾಸ್ಟರು ಗಡಿಯಾರ ಹಿಡಿದು ಬಂದರು. ನಡೆಸುವುದಕ್ಕೆ ರೈಲು ಇಲ್ಲದ ಮೇಲೆ ಅವರು ಬೀದಿಯನ್ನೇ ನಡೆಸುತ್ತಿದ್ದರು. ಯಾರ ಮನೆಗೆ ನೀರು ಎಷ್ಟೊತ್ತಿಗೆ ಬಂತು, ಯಾರ ಮಗಳು ಎಷ್ಟೊತ್ತಿಗೆ ಬಂದಳು, ಎಲ್ಲ ಅವರ ನಾಲಿಗೆ ತುದಿಯಲ್ಲಿತ್ತು.

“ಒಂಬತ್ತು ಮೂವತ್ತೈದಕ್ಕೆ ಹೊರಡೋದು. ನಾನೂ ಬರ್ತೀನಿ. ಸಹಿ ಗಿಹಿ ಅಂದ್ರೆ ಸಾಕ್ಷಿ ಬೇಕಾಗುತ್ತೆ,” ಎಂದರು. ಬರಬೇಡಿ ಅನ್ನಲು ಯಾರಿಗೂ ಬಾಯಿ ಬರಲಿಲ್ಲ.

ಮೇಸ್ತ್ರಿಯ ಹೆಂಡತಿ ಒಳ್ಳೆಯ ಬಟ್ಟೆ ಉಟ್ಟು, ಹೊಲಿಗೆ ಯಂತ್ರಕ್ಕೆ ಬಟ್ಟೆ ಮುಚ್ಚಿ, ಕೈಚೀಲ ಹಿಡಿದು ನಿಂತಿದ್ದಳು. ನೆಲವನ್ನೇ ನೋಡುತ್ತ ಮುಸಿಮುಸಿ ನಗುತ್ತಿದ್ದಳು. ಇಪ್ಪತ್ತು ವರ್ಷದಿಂದ ಅವಳದು ಒಂದೇ ಗೊಣಗಾಟ: “ಊರಿಗೆಲ್ಲ ಒಂದೇ ಬಣ್ಣ ಹಾಸಿ ಬರ್ತೀರ. ನಮ್ಮನೆ ನೆಲ ಮಾತ್ರ ಚಿಂದಿ ಸೇರಿಸಿ ಹೊಲಿದ ಹೊದಿಕೆ.” ಇವತ್ತು ಮಾತ್ರ ಗೊಣಗಲಿಲ್ಲ. ಅವಳ ಮನಸ್ಸಿನಲ್ಲೂ ಒಂದು ಗುಟ್ಟಿತ್ತು, ಅದನ್ನು ಬಲ್ಲವನು ಅವಳ ತಮ್ಮ ಒಬ್ಬನೇ.

ಆ ತಮ್ಮ, ಅಂದರೆ ಮೇಸ್ತ್ರಿಯ ಬಾಮೈದ, ಟೈಲ್ಸ್ ಅಂಗಡಿಯಲ್ಲಿ ಸೇಲ್ಸ್‌ಮನ್. ಹೊರಡುವ ಹೊತ್ತಿಗೆ ಸರಿಯಾಗಿ ಒಂದು ಕೈಯಲ್ಲಿ ಸಿಹಿಯ ಡಬ್ಬ, ಇನ್ನೊಂದರಲ್ಲಿ ಕಾಗದ ಹಿಡಿದು ಓಡಿ ಬಂದ.

“ಭಾವ, ಇಲ್ಲೊಂದು ಸೈನು. ಇಲ್ಲೊಂದು. ಹಿಂದೆ ಎರಡು.”

“ಏನಯ್ಯಾ ಇದು?”

“ಬಂದ ಮೇಲೆ ಗೊತ್ತಾಗುತ್ತೆ ಬಿಡಿ. ಒಳ್ಳೇದೇ.”

“ಮೂವತ್ತನಾಲ್ಕಾಯ್ತು,” ಎಂದರು ಸ್ಟೇಷನ್ ಮಾಸ್ಟರು.

ಮೇಸ್ತ್ರಿಗೆ ಸೈನು ಹೊಸದಲ್ಲ. ಬಾಮೈದನ ಅಂಗಡಿಯಿಂದ ದಿನವೂ ಮಾಲು ಬಂದಿಳಿಯುತ್ತಿತ್ತು, ಇಳಿದದ್ದಕ್ಕೆಲ್ಲ ಕೆಲಸದ ಜಾಗದಲ್ಲಿ ಸೈನು ಹಾಕುತ್ತಿದ್ದವನು ಮೇಸ್ತ್ರಿಯೇ. ಗಾರೆ ಮೆತ್ತಿದ ಕೈಯಲ್ಲಿ ಚೀಟಿ ಓದುತ್ತ ಕೂತರೆ ಸಿಮೆಂಟು ಗಟ್ಟಿಯಾಗುತ್ತದೆ. ಸ್ಟೇಷನ್ ಮಾಸ್ಟರ ಬೆನ್ನಿನ ಮೇಲೆ ಕಾಗದ ಇಟ್ಟು ನಾಲ್ಕೂ ಕಡೆ ಸೊಗಸಾಗಿ ಗೀಚಿದ. ಬಣ್ಣದ ಡಬ್ಬಿಯನ್ನು ಮನೆಯಲ್ಲಿ ಬಿಡಲು ಧೈರ್ಯ ಸಾಲದೆ ಜೇಬಿಗೆ ಇಳಿಸಿಕೊಂಡ. ತಾಯಿ ಸುತ್ತಿದ ಚಾಪೆ ಕಂಕುಳಲ್ಲಿಟ್ಟುಕೊಂಡು ಬಾಗಿಲವರೆಗೆ ಬಂದರು.

“ಬೇಗ ಬನ್ರೋ. ಬಿಸಿಲು ಹೋಗ್ಬಿಡುತ್ತೆ,” ಎಂದರು. ಎಂಬತ್ತರ ಮುಖ ಎಂಟರ ಹುಡುಗಿಯ ಹಾಗೆ ಅರಳಿತ್ತು.

ಬ್ಯಾಂಕಿನ ಸಾಲದ ವಿಭಾಗದಲ್ಲಿ ಕನ್ನಡಕದ ಅಧಿಕಾರಿಣಿಯೊಬ್ಬಳು ಕೂತಿದ್ದಳು. ಮೇಸ್ತ್ರಿ ತಂತಿಗೆ ಪೋಣಿಸಿದ ಇನ್ನೂರ ನಲವತ್ತು ರಸೀದಿಗಳನ್ನು ಅವಳ ಮೇಜಿನ ಮೇಲೆ ಇಳಿಸಿದ. ಅದು ಧಪ್ಪೆಂದು ಕೂತಾಗ ಪೆನ್ನಿನ ಸ್ಟ್ಯಾಂಡು ಉರುಳಿತು.

“ಮೇಡಂ, ಮುಗೀತು. ಒಂದು ಚೀಟಿ ಬರೆದುಕೊಡಿ.”

ಅವಳು ರಸೀದಿಯ ಕಡೆ ನೋಡಲೂ ಇಲ್ಲ. ಖಾತೆ ಸಂಖ್ಯೆ ಒತ್ತಿ, ಪರದೆ ನೋಡಿ, ಮೆಲ್ಲಗೆ ಹೇಳಿದಳು: “ಇನ್ನೂ ಮೂವತ್ತೊಂದು ಕಂತಿದೆಯಲ್ಲ?”

“ಬೇರೆ ಯಾರದೋ ನೋಡ್ತಿದೀರಿ ಮೇಡಂ.”

“ಟೈಲ್ಸ್ ಕೆಲಸ, ಎಂಟು ಲಕ್ಷ ಸಾಲ. ನಿಮ್ಮದೇ. ಮಧ್ಯದಲ್ಲಿ ಬಡ್ಡಿ ದರ ಏರಿತು. ಕಂತಿನ ಮೊತ್ತ ಹಾಗೇ ಇಟ್ಟಿದ್ದಕ್ಕೆ ಅವಧಿ ಬೆಳೀತು. ದರ ಏರಿದಾಗೆಲ್ಲ ಪತ್ರ ಕಳಿಸಿದೀವಿ. ಒಟ್ಟು ಏಳು. ಕಂತು ಏರಿಸೋದಾ, ತಿಂಗಳು ಏರಿಸೋದಾ ಅಂತ ಕೇಳಿದ್ವಿ. ಉತ್ತರ ಬರದಿದ್ರೆ ತಿಂಗಳು ಏರಿಸ್ತೀವಿ ಅಂತಲೂ ಬರೆದಿತ್ತು.”

ಪತ್ರ ಎಂದ ಕೂಡಲೇ ಮೇಸ್ತ್ರಿಯ ಮುಖ ಇಳಿದುಹೋಯಿತು. ಬಂದದ್ದು ನಿಜ. ದಪ್ಪನೆಯ, ಗರಿಗರಿ ಕಾಗದ. ಪೈಪು ಬಂದ ಕಡೆ, ಬೇಸಿನ್ನಿನ ಸುತ್ತು ಇರುವ ಕಡೆ ಟೈಲು ಕತ್ತರಿಸಬೇಕಾದರೆ ಮೊದಲು ಕಾಗದದಲ್ಲಿ ಆಕಾರ ಕತ್ತರಿಸಿಕೊಂಡು ಅದನ್ನು ಟೈಲಿನ ಮೇಲಿಟ್ಟು ಗೆರೆ ಎಳೆಯಬೇಕು. ಅದಕ್ಕೆ ಬ್ಯಾಂಕಿನ ಕಾಗದದಂಥ ಕಾಗದ ಇನ್ನೊಂದಿಲ್ಲ. ‘ನೋಡು, ಎಷ್ಟು ವಿಶ್ವಾಸದ ಜನ, ಆಗಾಗ ಕಳಿಸ್ತಾರೆ’ ಎಂದು ಹೆಂಡತಿಗೆ ಹೇಳಿಯೂ ಇದ್ದ.

“ಅದರಲ್ಲೊಂದು ವಕೀಲರ ಮನೆ ಬೇಸಿನ್ ಕೆಳಗಿದೆ ಮೇಡಂ,” ಎಂದ ಸಣ್ಣ ದನಿಯಲ್ಲಿ.

“ಗಾಡಿ ಮೂವತ್ತೊಂದು ತಿಂಗಳು ತಡ,” ಎಂದು ಸ್ಟೇಷನ್ ಮಾಸ್ಟರು ಇಡೀ ಬ್ಯಾಂಕಿಗೆ ಕೇಳುವಂತೆ ಸಾರಿದರು. ಹಣ ಎಣಿಸುತ್ತಿದ್ದವನು ಎಣಿಕೆ ತಪ್ಪಿ ಮೊದಲಿನಿಂದ ಶುರು ಮಾಡಿದ.

ಮೇಸ್ತ್ರಿಗೆ ಸಿಟ್ಟು ಬಂತು. ಇಪ್ಪತ್ತು ವರ್ಷದಲ್ಲಿ ಒಂದು ತಿಂಗಳೂ ತಪ್ಪಿಸಿದವನಲ್ಲ. “ತಿಂಗಳಿಗೊಂದು ಟೈಲು ಅಂತ ಕಟ್ಟಿದೀನಿ ಮೇಡಂ. ಇನ್ನೂರ ಮೂವತ್ತೊಂಬತ್ತು ಚುಕ್ಕೆ ಬಿದ್ದಿದೆ. ಒಂದು ಬಾಕಿ. ಅದೆಲ್ಲಿಂದ ಮೂವತ್ತೊಂದು?”

ಅಧಿಕಾರಿಣಿಗೆ ಚುಕ್ಕೆ ಅರ್ಥವಾಗಲು ಐದು ನಿಮಿಷ ಬೇಕಾಯಿತು. ಅರ್ಥವಾದ ಮೇಲೆ ಅವಳಿಗೂ ಹುರುಪು ಬಂತು. ಒಂದು ಹಾಳೆ ತೆಗೆದು ಚೌಕ ಬರೆದಳು. “ಇದು ನಿಮ್ಮ ಮೊದಲನೇ ಟೈಲು. ಮೊದಲನೇ ಕಂತು ಏಳು ಸಾವಿರ ತಾನೇ? ಅದರಲ್ಲಿ ಐದು ಸಾವಿರದ ಏಳುನೂರು ಚಿಲ್ಲರೆ ಬಡ್ಡಿಗೇ ಹೋಯ್ತು. ಸಾಲಕ್ಕೆ ಸಂದಿದ್ದು ಉಳಿದ ಸಾವಿರದ ಮುನ್ನೂರಕ್ಕೂ ಕಮ್ಮಿ. ಅಂದ್ರೆ ನೀವು ಚುಕ್ಕೆ ಇಟ್ಟಾಗ ಇಡೀ ಟೈಲು ನಿಮ್ಮದಾಗಿರಲಿಲ್ಲ. ಇಷ್ಟು ಮಾತ್ರ.” ಚೌಕದ ಮೂಲೆಗೆ ಗೆರೆ ಎಳೆದಳು.

ಮೇಸ್ತ್ರಿ ಬಗ್ಗಿ ನೋಡಿದ. “ಅಂದ್ರೆ ನಾನು ಹಚ್ಚಿದ ಬಣ್ಣದಷ್ಟೇ ನಮ್ದು.”

“ಹೆಚ್ಚು ಕಮ್ಮಿ ಅಷ್ಟೇ.”

“ಹತ್ತು ವರ್ಷ ಆದಾಗ ಅರ್ಧ ಮನೆ ನಮ್ದಾಯ್ತು ಅಂತ ಬೀದಿಗೆಲ್ಲ ಊಟ ಹಾಕಿದ್ವಲ್ರೀ,” ಎಂದಳು ಹೆಂಡತಿ.

“ಆವತ್ತು ಇನ್ನೂ ಮುಕ್ಕಾಲು ಮನೆ ಬ್ಯಾಂಕಿನದೇ ಇತ್ತು,” ಎಂದಳು ಅಧಿಕಾರಿಣಿ. “ಸಾಲ ಜಾಸ್ತಿ ಇದ್ದಾಗ ಬಡ್ಡಿಯೂ ಜಾಸ್ತಿ. ಆಗಲೇ ವರ್ಷಕ್ಕೊಂದಿಷ್ಟು ಹೆಚ್ಚಿಗೆ ಕಟ್ಟಿದ್ರೆ ಎಷ್ಟೋ ವರ್ಷ ಮೊದಲೇ ಮುಗೀತಿತ್ತು.”

ಸ್ಟೇಷನ್ ಮಾಸ್ಟರು ಅಷ್ಟರಲ್ಲಿ ಹಾಳೆಯ ಹಿಂಬದಿಯಲ್ಲಿ ಗುಣಿಸಿ ಮುಗಿಸಿದ್ದರು. “ಉಳಿದದ್ದೂ ಸೇರಿಸಿ ಹತ್ತೊಂಬತ್ತು ಲಕ್ಷ. ಮೇಸ್ತ್ರಿ, ನೀನು ಕಟ್ಟಿರೋದು ಎರಡು ಮನೆ ದುಡ್ಡು. ಮೂರನೇ ಮನೇಲಿ ಅಡುಗೆಮನೆ, ಬಚ್ಚಲೂ ಬರುತ್ತೆ.”

ಮೇಸ್ತ್ರಿ ಕುರ್ಚಿಯಲ್ಲಿ ಕುಸಿದ. ಅವನ ಕಣ್ಣ ಮುಂದೆ ಹತ್ತೊಂಬತ್ತು ಲಕ್ಷ ಬರಲಿಲ್ಲ, ಬಾಗಿಲಲ್ಲಿ ಚಾಪೆ ಹಿಡಿದು ನಿಂತ ತಾಯಿ ಬಂದರು. ಮೂವತ್ತೊಂದು ತಿಂಗಳು. ಎಂಬತ್ತಾದವರಿಗೆ ಇನ್ನೂ ಎರಡೂವರೆ ವರ್ಷ ಕಾಯಿ ಎಂದು ಹೇಗೆ ಹೇಳುವುದು? ಸುಳ್ಳು ಹೇಳಿ ಕೂರಿಸೋಣವೆಂದರೆ ಬರೆಸಿಕೊಂಡು ಬಾ ಎಂದಿದ್ದಾರೆ. ಗಂಡಸು ಬ್ಯಾಂಕಿನಲ್ಲಿ ಅಳಬಾರದೆಂದು ಮೇಸ್ತ್ರಿ ಛಾವಣಿ ನೋಡಿದ. ಅಲ್ಲೂ ಟೈಲ್ಸೇ.

“ಈಗ ಒಂದೇ ಸಲ ತೀರಿಸೋದಾದ್ರೆ ಎಷ್ಟಾಗುತ್ತೆ ಮೇಡಂ?” ಎಂದು ಕೇಳಿದವಳು ಹೆಂಡತಿ.

“ಒಂದು ಲಕ್ಷದ ತೊಂಬತ್ತು ಸಾವಿರದ ಐನೂರ ನಲವತ್ತು.”

ಅವಳು ಕೈಚೀಲದ ಒಳಜಿಪ್ಪು ತೆಗೆದು, ಮಡಚಿದ ಒಂದು ಕಾಗದ ಮೇಜಿನ ಮೇಲಿಟ್ಟಳು. ಇದೇ ಬ್ಯಾಂಕಿನ ಡಿಪಾಜಿಟ್ಟು. ಮೇಸ್ತ್ರಿ ಕಾಗದ ನೋಡಿದ, ಹೆಂಡತಿಯ ಮುಖ ನೋಡಿದ.

“ಯಾವಾಗ ಇಟ್ಟೆ?”

“ಹನ್ನೆರಡು ವರ್ಷದಿಂದ ಸೇರಿಸ್ತಿದೀನಿ. ಹೊಲಿಗೆ ದುಡ್ಡು.”

“ಯಾತಕ್ಕೆ?”

“ನೆಲಕ್ಕೆ.” ಅವಳು ತಲೆ ತಗ್ಗಿಸಿದಳು. “ಸಾಲ ತೀರಿದ ಮೇಲೆ ಮನೆಯೆಲ್ಲ ಒಂದೇ ಬಣ್ಣ ಹಾಸ್ಬೇಕು ಅಂತಿದ್ದೆ. ನಿಮಗೆ ಹೇಳದೆ. ಇರ್ಲಿ ಬಿಡಿ. ನೆಲ ಇನ್ನೂ ಹತ್ತು ವರ್ಷ ಹೀಗೇ ಇದ್ರೂ ನಡೆಯುತ್ತೆ. ಅತ್ತೆ ಮಂಡಿ ಕಾಯಲ್ಲ.”

ಇಂಥ ಹೆಂಡತಿಗೆ ತಾನು ಬಚ್ಚಲಿನ ನೀಲಿ ಮೀನು ಹಾಸಿಕೊಟ್ಟೆನಲ್ಲ ಎಂದು ಮೇಸ್ತ್ರಿಗೆ ನಾಚಿಕೆಯಾಯಿತು.

ಸ್ಟೇಷನ್ ಮಾಸ್ಟರು ಮಾತ್ರ ಡಿಪಾಜಿಟ್ಟಿನ ಕಾಗದ ತಿರುಗಿಸಿ ನೋಡುತ್ತಿದ್ದರು. “ಇದಕ್ಕೆಷ್ಟು ಬಡ್ಡಿ ಕೊಡ್ತೀರಮ್ಮ?”

“ಆರು ಪರ್ಸೆಂಟು.”

“ಇವರ ಸಾಲಕ್ಕೆ?”

“ಈಗ ಒಂಬತ್ತೂವರೆ.”

“ಅಂದ್ರೆ ಇವರ ದುಡ್ಡನ್ನೇ ಆರಕ್ಕೆ ಇಸ್ಕೊಂಡು ಇವರಿಗೇ ಒಂಬತ್ತೂವರೆಗೆ ಕೊಟ್ಟಿದೀರಿ.”

ಅಧಿಕಾರಿಣಿ ಕನ್ನಡಕ ಸರಿ ಮಾಡಿಕೊಂಡಳು. “ಬ್ಯಾಂಕು ನಡೆಯೋದೇ ಹಾಗೆ ಸಾರ್.”

ಆಮೇಲೆ ಎಲ್ಲ ಚಕಚಕ ನಡೆಯಿತು. ಡಿಪಾಜಿಟ್ಟು ಒಡೆಯಿತು, ಅವಧಿಗೆ ಮುಂಚೆ ಒಡೆದದ್ದಕ್ಕೆ ಒಂದಿಷ್ಟು ಕಳೆಯಿತು, ಸಾಲ ತೀರಿತು, ಕೈಯಲ್ಲಿ ಎರಡು ಸಾವಿರದ ನಾನೂರು ಉಳಿಯಿತು. ಮನೆ ಪತ್ರ ಹದಿನೈದು ದಿನಕ್ಕೆ ಬರುತ್ತದೆ, ಸಾಲ ತೀರಿದೆ ಅನ್ನುವ ಚೀಟಿ ಇವತ್ತೇ. ಮೇಸ್ತ್ರಿ ಆ ಚೀಟಿಯನ್ನು ಅಕ್ಷರ ಅಕ್ಷರ ಕೂಡಿಸಿ ಮೂರು ಸಲ ಓದಿದ. ಅಂಥ ಸುಖದ ಓದು ಅವನು ಈ ಜನ್ಮದಲ್ಲಿ ಓದಿರಲಿಲ್ಲ. ಅಧಿಕಾರಿಣಿಗೆ ಕೈ ಮುಗಿದ, ಹಣ ಎಣಿಸುವವನಿಗೆ ಕೈ ಮುಗಿದ, ಬಾಗಿಲ ಕಾವಲಿನವನ ಕೈ ಕುಲುಕಿದ.

ಎಂದೂ ಬಸ್ಸು ಬಿಟ್ಟು ಬೇರೇನೂ ಹತ್ತದವನು ಆಟೋ ಮಾಡಿದ. ದಾರಿಯುದ್ದಕ್ಕೂ ಬಾಯಿ ನಿಲ್ಲಲಿಲ್ಲ.

“ಇನ್ನು ಮೇಲೆ ಓದದೆ ಒಂದು ಚೀಟಿಗೂ ಸೈನ್ ಹಾಕಲ್ಲ. ಕಂತು ಅನ್ನೋ ಮಾತು ನಮ್ಮನೆ ಹೊಸ್ತಿಲು ದಾಟಬಾರದು. ಸೂಜಿ ಬೇಕಾದ್ರೂ ದುಡ್ಡು ಕೂಡಿಸಿಟ್ಟೇ ತರೋದು. ಏನಂತೀರಿ ಮಾಸ್ಟರೇ?”

“ಸರಿಯಾದ ಹಳಿ,” ಎಂದರು ಸ್ಟೇಷನ್ ಮಾಸ್ಟರು.

ಬೀದಿಯ ತಿರುವಿಗೆ ಬಂದಾಗಲೇ ಸುತ್ತಿಗೆಯ ಸದ್ದು ಕೇಳಿಸಿತು. ಇಪ್ಪತ್ತೈದು ವರ್ಷ ಟೈಲ್ಸ್ ಹಾಕಿದ ಕಿವಿಗೆ ಅದು ಯಾವ ಸದ್ದೆಂದು ಯಾರೂ ಹೇಳಿಕೊಡಬೇಕಿಲ್ಲ. ಯಾರ ಮನೆಯದೋ ನೆಲ ಒಡೀತಿದಾರೆ ಅಂದುಕೊಂಡ. ಆಟೋ ನಿಂತಾಗ ನೋಡಿದರೆ ಅವನದೇ ಮನೆಯಿಂದ ಧೂಳು ಹೊಗೆಯಂತೆ ಹೊರಬರುತ್ತಿತ್ತು. ಬಾಗಿಲ ಮುಂದೆ ಒಡೆದ ಟೈಲಿನ ಎದೆಯೆತ್ತರದ ರಾಶಿ. ಬಿಳಿ, ಕಂದು, ನೀಲಿ ಮೀನಿನ ಬಾಲ. ರಾಶಿಯ ತುಂಬ ಹಸಿರು ಚುಕ್ಕೆ. ರಾಶಿಯ ತುದಿಯಲ್ಲಿ ಜೇನಿನ ಬಣ್ಣದ್ದೊಂದು ಎರಡು ಹೋಳಾಗಿ ಬಿದ್ದಿತ್ತು, ಚುಕ್ಕೆ ಬೀಳದೆ ಉಳಿದ ಟೈಲು ಅದೊಂದೇ. ಪಕ್ಕದಲ್ಲಿ ಚಾಪೆ ಕಂಕುಳಲ್ಲಿಟ್ಟುಕೊಂಡು ತಾಯಿ ನಿಂತಿದ್ದರು. ಅಕ್ಕಪಕ್ಕದವರೆಲ್ಲ ಸೇರಿ ಚಪ್ಪಾಳೆ ತಟ್ಟಿದರು.

ಧೂಳಿನ ಒಳಗಿಂದ ಬಾಮೈದ ಬಂದ. ಹುಬ್ಬು ಕೂಡ ಬೆಳ್ಳಗಾಗಿತ್ತು, ನಗು ಮಾತ್ರ ಕಿವಿಯಿಂದ ಕಿವಿಗೆ.

“ಅಕ್ಕ, ನೋಡು. ಮನೆಯೆಲ್ಲ ಒಂದೇ ಬಣ್ಣ, ಕೆನೆ ಬಣ್ಣ. ಸಾಲ ತೀರಿದ ದಿನಾನೇ ನಿನ್ನ ಆಸೆ ತೀರಬೇಕು ಅಂತ ನಾಲ್ಕು ಜನ ಕೆಲಸದವರನ್ನ ಕರ್ಕೊಂಬಂದೆ. ನಾಳೆ ಹೊತ್ತಿಗೆ ಮುಗಿಯುತ್ತೆ.”

ಮೇಸ್ತ್ರಿ ಕೇಳಿದ: “ದುಡ್ಡು?”

“ದುಡ್ಡಿಗೇನು ಭಾವ, ಬೆಳಿಗ್ಗೆ ನೀವೇ ನಾಲ್ಕು ಕಡೆ ಸೈನ್ ಹಾಕಿದ್ರಲ್ಲ. ಅರವತ್ತು ಕಂತು.”

ಮೇಸ್ತ್ರಿ ಹೆಂಡತಿಯ ಮುಖ ನೋಡಿದ, ಹೆಂಡತಿ ಮೇಸ್ತ್ರಿಯ ಮುಖ ನೋಡಿದಳು. ಬಾಮೈದ ಅದನ್ನು ಸಂತೋಷವೆಂದೇ ತಿಳಿದ. “ಕಂತು ಹೆಸರಿಗಷ್ಟೇ. ನಾಳೆ ಅಕ್ಕನ ಡಿಪಾಜಿಟ್ಟು ಒಡೆದು ಒಂದೇ ಸಲ ಕಟ್ಟಿಬಿಟ್ರೆ ಆಯ್ತಪ್ಪ. ಅಕ್ಕ ನೆಲಕ್ಕೇ ಅಂತ ಇಟ್ಟಿರೋದು, ನಿಮಗೆ ಗೊತ್ತಿಲ್ಲ ಅಷ್ಟೇ.”

ಹೆಂಡತಿ ಅಲ್ಲೇ ಇದ್ದ ಟೈಲ್ಸಿನ ಡಬ್ಬದ ಮೇಲೆ ಕೂತುಬಿಟ್ಟಳು. “ಒಡೆದಾಯ್ತು ಕಣೋ,” ಎಂದಳು. “ಆ ದುಡ್ಡು ಸಾಲಕ್ಕೆ ಕಟ್ಟಿ ಬಂದ್ವಿ. ಮೂವತ್ತೊಂದು ಕಂತು ಬಾಕಿ ಇತ್ತು. ಇದನ್ನ ವಾಪಸ್ ತಗೊಳ್ಳಲ್ವೇನೋ?”

“ಡಬ್ಬ ಒಡೆದ ಮೇಲೆ ಹೇಗೆ ತಗೋತಾರಕ್ಕ?” ಬಾಮೈದನ ನಗು ಧೂಳಿನ ಜೊತೆಗೇ ಉದುರಿತು.

ಮೇಸ್ತ್ರಿ ಕಾಗದ ಇಸಿದುಕೊಂಡು ಜೀವನದಲ್ಲಿ ಮೊದಲ ಸಲ ಸೈನ್ ಹಾಕಿದ್ದನ್ನು ಪೂರ್ತಿ ಓದಿದ. ಟೈಲ್ಸ್, ಸಿಮೆಂಟು, ಕೂಲಿ ಎಲ್ಲ ಸೇರಿ ಒಂದು ಲಕ್ಷದ ಎಂಬತ್ತು ಸಾವಿರ. ತಿಂಗಳಿಗೆ ನಾಲ್ಕು ಸಾವಿರದಂತೆ ಅರವತ್ತು ತಿಂಗಳು. ಈಗ ಅವನಿಗೆ ಲೆಕ್ಕ ಬರುತ್ತಿತ್ತು. ಎರಡು ಲಕ್ಷದ ನಲವತ್ತು ಸಾವಿರ. ಅಂದರೆ ಕಾಲು ಭಾಗದ ಟೈಲಿಗೆ ಕೊಡುವ ದುಡ್ಡು ಟೈಲಿಗಲ್ಲ, ಬಡ್ಡಿಗೆ. ಬೆಳಿಗ್ಗೆ ಬರದ ಲೆಕ್ಕ ಮಧ್ಯಾಹ್ನ ಬಂದು ಪ್ರಯೋಜನವೇನು? ಕೆಳಗೆ ನಾಲ್ಕು ಸೈನು ಸೊಗಸಾಗಿ ಕೂತಿದ್ದವು.

“ಇನ್ನೂರ ನಲವತ್ತು ಟೈಲು, ಅರವತ್ತು ಕಂತು,” ಎಂದರು ಸ್ಟೇಷನ್ ಮಾಸ್ಟರು, ಸಮಾಧಾನ ಹೇಳುವ ದನಿಯಲ್ಲಿ. “ಕಂತಿಗೆ ನಾಲ್ಕು ಟೈಲು ಬಿತ್ತು. ಹಳೇದು ಪ್ಯಾಸೆಂಜರ್ ಗಾಡಿ, ಇದು ಎಕ್ಸ್‌ಪ್ರೆಸ್ಸು.”

ಮೇಸ್ತ್ರಿ ಜೇಬಿನಿಂದ ಬಣ್ಣದ ಡಬ್ಬಿ ತೆಗೆದ. ಬಣ್ಣ ಒಣಗಿರಲಿಲ್ಲ. ಒಂದು ಚುಕ್ಕೆಗಾಗುವಷ್ಟು ಹಾಗೇ ಇತ್ತು. ಇನ್ನೂರ ನಲವತ್ತಕ್ಕೆ ಹೊಸ ಡಬ್ಬಿಯೇ ಬೇಕು.

ತಾಯಿ ಇಷ್ಟು ಹೊತ್ತೂ ಎಲ್ಲ ಕೇಳಿಸಿಕೊಳ್ಳುತ್ತ ನಿಂತಿದ್ದರು. ಒಳಗೆ ಇಣುಕಿ ನೋಡಿದರು. ಕೆಲಸದವರು ಆಗಲೇ ಹಜಾರದಲ್ಲಿ ಮೂರು ಸಾಲು ಹಾಕಿ ಮುಗಿಸಿದ್ದರು. ಕಿಟಕಿ ಕೆಳಗೆ ಹೊಸ ಕೆನೆ ಬಣ್ಣದ ಟೈಲು ಥಳಥಳ ಹೊಳೆಯುತ್ತಿತ್ತು.

“ಇದೂ ಕಂತಿನದಾ?”

“ಹೌದಮ್ಮ,” ಎಂದ ಮೇಸ್ತ್ರಿ. ತಾಯಿಯ ಮುಖ ನೋಡುವ ಧೈರ್ಯ ಅವನಿಗಿರಲಿಲ್ಲ.

“ಮನೆ ನಿಮ್ಮದೇ ಅಮ್ಮ, ಕೆಳಗಿನ ಸಿಮೆಂಟೂ ನಿಮ್ಮದೇ. ಧಾರಾಳವಾಗಿ ಕೂತ್ಕೊಳ್ಳಿ,” ಎಂದು ಬಾಮೈದ ಕೈ ಹಿಸುಕಿಕೊಳ್ಳುತ್ತ ಹೇಳಿದ.

“ನಾನು ಕೂರೋದು ಮೇಲೆ ತಾನೇ?”

ತಾಯಿ ಚಾಪೆಯನ್ನು ಒಂದು ಕಂಕುಳಿಂದ ಇನ್ನೊಂದಕ್ಕೆ ಬದಲಾಯಿಸಿಕೊಂಡರು, ರಾಶಿಯ ಮೇಲಿನ ಜೇನಿನ ಬಣ್ಣದ ಹೋಳುಗಳ ಕಡೆ ಒಮ್ಮೆ ನೋಡಿದರು, ಆಮೇಲೆ ಮಗನ ಭುಜದ ಧೂಳು ಕೊಡವಿದರು.

“ಆಗಿದ್ದಾಯ್ತು ಬಿಡು. ಮುಂದಿನ ತಿಂಗಳು ಬಣ್ಣ ತರ್ತೀಯಲ್ಲ,” ಎಂದರು, “ಈ ಸಲ ಕಿಟಕಿ ಕಡೆಯಿಂದ ಶುರು ಮಾಡು.”